ಐಫೋನಿನಲ್ಲಿ ಗೇಮ್ ಸೆಂಟರ್ ಬಂದ್ ಮಾಡಿದ್ದು

ಶಿರಸಿಯಿಂದ ಅಕ್ಕನ ಮಗ ರಜೆಗೆ ಕಾರವಾರಕ್ಕೆ ಬಂದರೆ ನನ್ನ ಐಫೋನ್ ಅವನದೇ. ಅವನು ಚೆಸ್ ತೆರೆದರೆ ಸಾಕು, ಪರದೆಯ ಮೇಲ್ತುದಿಯಿಂದ ನನ್ನ ಹೆಸರು ಹೊತ್ತ ಸ್ವಾಗತದ ಪಟ್ಟಿ ಇಳಿಯುತ್ತಿತ್ತು. ಇದು ಗೇಮ್ ಸೆಂಟರ್‌ನ ಕೆಲಸ, ಅಂದರೆ ಆಟಗಳ ಅಂಕ, ಗೆಳೆಯರ ಪಟ್ಟಿ ಇಟ್ಟುಕೊಳ್ಳುವ ಆಪಲ್ ಸೇವೆ. ಅವನ ಅಂಕವೆಲ್ಲ ನನ್ನ ಖಾತೆಗೆ ಜಮೆ! ಆಫೀಸಿನ ಗೆಳೆಯರಿಗೂ ಕಾಣುತ್ತದೆ, ಅಲ್ವಾ?

ಇದನ್ನು ಬಂದ್ ಮಾಡಲು ಆ್ಯಪ್‌ಗಳ ನಡುವೆ ಹುಡುಕಿ ಉಪಯೋಗವಿಲ್ಲ. 2010ರಲ್ಲಿ ಬಂದಾಗ ಗೇಮ್ ಸೆಂಟರ್‌ಗೆ ಬೇರೆ ಆ್ಯಪ್ ಇತ್ತು. 2016ರ ಐಫೋನ್ ತಂತ್ರಾಂಶ ಐಓಎಸ್ 10ರಲ್ಲಿ ಅದನ್ನು ತೆಗೆದರು. ಸೇವೆ ಮಾತ್ರ ಫೋನಿನೊಳಗೇ ಉಳಿಯಿತು, ಅಳಿಸಲು ಬರುವುದಿಲ್ಲ.

ಸೆಟ್ಟಿಂಗ್ಸ್ ತೆರೆದು, ಕೆಳಗೆ ಸರಿಸಿ, ಗೇಮ್ ಸೆಂಟರ್ ಒತ್ತಿ. ಮೇಲಿರುವ ಹಸಿರು ಗುಂಡಿ ಬೂದು ಆಯಿತೋ, ಕೆಲಸ ಮುಗಿಯಿತು. ಖಾತೆ ಅಳಿಯುವುದಿಲ್ಲ, ಸುಮ್ನೆ ಸೈನ್ ಔಟ್ ಆಗುತ್ತದೆ. ಆದರೆ ಕೆಲವು ಆಟಗಳು ನೀವು ದಾಟಿದ ಹಂತಗಳನ್ನು ಈ ಖಾತೆಗೇ ಜೋಡಿಸಿರುತ್ತವೆ. ಅಂಥದ್ದಿದ್ದರೆ ಮೊದಲು ಆಟದೊಳಗೆ ಬೇರೆ ಲಾಗಿನ್ ಮಾಡಿಕೊಳ್ಳಿ. ಇಲ್ಲದಿದ್ದರೆ ಮನೆಯಲ್ಲಿ ಅಳು ಜಾಸ್ತಿ.

ಮಕ್ಕಳ ಕೈಗೆ ಫೋನ್ ಕೊಡುವವರು ಸೆಟ್ಟಿಂಗ್ಸ್‌ನಲ್ಲೇ ಇರುವ ಸ್ಕ್ರೀನ್ ಟೈಮ್‌ನ ನಿರ್ಬಂಧಗಳನ್ನೂ ನೋಡಿ. ಹಲವರ ಜೊತೆಗಿನ ಆಟ, ಗೆಳೆಯರನ್ನು ಸೇರಿಸುವುದು ಎರಡನ್ನೂ ಅಲ್ಲಿ ತಡೆದು ಪಾಸ್‌ಕೋಡ್ ಹಾಕಬಹುದು. ಮನೆಯವರ ಹುಟ್ಟಿದ ತಾರೀಖು ಮಾತ್ರ ಬೇಡ, ಅದನ್ನು ಮಕ್ಕಳು ಮೊದಲು ಒತ್ತಿ ನೋಡುತ್ತಾರೆ.