ಗವರ್ನರ್ ಚುನಾವಣೆಯ ಹಳೆಯ ಮತಪಟ್ಟಿ ಓದುವುದು ಹೇಗೆ?

ಹತ್ತೊಂಬತ್ತನೇ ಶತಮಾನದ ಮೊದಲ ದಶಕಗಳ ಅಮೆರಿಕದ ಗವರ್ನರ್ (ರಾಜ್ಯದ ಆಡಳಿತದ ಮುಖ್ಯಸ್ಥ) ಚುನಾವಣೆಯ ಮತಪಟ್ಟಿ, ಅಂದರೆ ಯಾರಿಗೆ ಎಷ್ಟು ಮತ ಬಿತ್ತೆಂಬ ಪಟ್ಟಿ, ಕೈಗೆ ಸಿಕ್ಕ ಕೂಡಲೇ ಲೆಕ್ಕ ಕೂಡಿಸಲು ಕೂರಬೇಡಿ. ಆ ರಾಜ್ಯದಲ್ಲಿ ಜನ ಮತ ಹಾಕುತ್ತಿದ್ದರೇ ಎಂಬುದನ್ನು ಮೊದಲು ನೋಡಿಕೊಳ್ಳಿ. ವರ್ಜೀನಿಯಾ, ದಕ್ಷಿಣ ಕೆರೊಲಿನಾ, ನ್ಯೂಜೆರ್ಸಿಗಳಲ್ಲಿ ಗವರ್ನರನ್ನು ಆರಿಸುತ್ತಿದ್ದದ್ದು ಶಾಸನಸಭೆ. ಜಾರ್ಜಿಯಾದಲ್ಲಿ ಆ ಅಧಿಕಾರ ಜನರ ಕೈಗೆ ಬಂದದ್ದು 1825ರಲ್ಲಿ.

ಕೈ ಪಳಗಿಸಿಕೊಳ್ಳಲು ಮ್ಯಾಸಚೂಸೆಟ್ಸ್ ಒಳ್ಳೆಯದು. ಆಗ ಅಲ್ಲಿ ವರ್ಷಕ್ಕೊಂದು ಚುನಾವಣೆ, ಏಪ್ರಿಲ್‌ನ ಮೊದಲ ಸೋಮವಾರ. 1831ರಲ್ಲಿ ಅದನ್ನು ನವೆಂಬರ್‌ಗೆ ತಂದರು. ಹಾಗಾಗಿ ಆ ವರ್ಷ ಎರಡು ಚುನಾವಣೆ ನಡೆದವು. ಪಟ್ಟಿಯ ಮೇಲೆ ತಿಂಗಳು ಬರೆದುಕೊಳ್ಳದಿದ್ದರೆ ಎರಡೂ ಕಲಸಿಹೋಗುತ್ತವೆ. 1820ರಲ್ಲಿ ಒಟ್ಟು ಮತ ತಟ್ಟನೆ ಇಳಿದಂತೆ ಕಂಡರೆ ಜನರ ಉತ್ಸಾಹ ಕುಂದಿತೆಂದು ಬರೆಯಬೇಡಿ: ಅಲ್ಲಿಯವರೆಗೆ ಒಳಗೇ ಇದ್ದ ಮೇಯ್ನ್ ಆ ವರ್ಷ ಬೇರೆ ರಾಜ್ಯವಾಯಿತು.

ಮತಪಟ್ಟಿ ಹುಟ್ಟುತ್ತಿದ್ದದ್ದು ಊರಿನ ಸಭೆಯಲ್ಲಿ. ಟೌನ್ ಕ್ಲರ್ಕ್ (ಊರಿನ ದಫ್ತರದ ಗುಮಾಸ್ತ) ಎಲ್ಲರೆದುರೇ ಚೀಟಿಗಳನ್ನು ವಿಂಗಡಿಸಿ, ಎಣಿಸಿ, ಪ್ರತಿ ಹೆಸರಿನ ಮುಂದೆ ಮತಸಂಖ್ಯೆ ಬರೆದು, ಊರಿನ ದಫ್ತರಕ್ಕೆ ಏರಿಸಿ, ಓದಿ ಹೇಳಬೇಕಿತ್ತು. ನಕಲಿಗೆ ಸಹಿ, ಮೊಹರು ಹಾಕಿ, ಮೇ ತಿಂಗಳ ಕೊನೆಯ ಬುಧವಾರಕ್ಕೆ ಕನಿಷ್ಠ 30 ದಿನ ಮೊದಲು ಕೌಂಟಿಯ (ಜಿಲ್ಲೆಯಂಥ ವಿಭಾಗದ) ಶೆರಿಫ್ ಎಂಬ ಅಧಿಕಾರಿಗೆ ತಲುಪಿಸಬೇಕಿತ್ತು; ಶೆರಿಫ್ ಅದನ್ನು 17 ದಿನ ಮೊದಲೇ ರಾಜ್ಯ ಕಾರ್ಯದರ್ಶಿಗೆ ಮುಟ್ಟಿಸಬೇಕಿತ್ತು. ಅಂದರೆ ಒಂದೇ ಲೆಕ್ಕ ಎರಡು ಕಡೆ ಇರುತ್ತದೆ. ಸಾಧ್ಯವಾದರೆ ಎರಡನ್ನೂ ತಾಳೆ ನೋಡಿ. ಕೈಬರಹದಲ್ಲಿ 1 ಮತ್ತು 7 ಅದಲುಬದಲಾಗುವುದು ಮಾಮೂಲು.

ಎಣಿಸಿದ ಮತವೆಲ್ಲ ಲೆಕ್ಕಕ್ಕೆ ಬಂತೆಂದೂ ನಂಬಬೇಡಿ. ನ್ಯೂಯಾರ್ಕ್‌ನಲ್ಲಿ 1792ರಲ್ಲಿ ಆಟ್ಸಿಗೊ, ಟಯೋಗಾ, ಕ್ಲಿಂಟನ್ ಕೌಂಟಿಗಳ ಮತಗಳನ್ನು, ಪೆಟ್ಟಿಗೆ ತಲುಪಿಸಿದ ರೀತಿ ಸರಿಯಿಲ್ಲವೆಂದು ಪಕ್ಕಕ್ಕಿಟ್ಟರು. ಜಾರ್ಜ್ ಕ್ಲಿಂಟನ್ ಜಾನ್ ಜೇ ಎದುರು ಗೆದ್ದದ್ದು 108 ಮತಗಳಿಂದ.

ಇನ್ನು ಮುಖ್ಯ ಲೆಕ್ಕ. ಮ್ಯಾಸಚೂಸೆಟ್ಸ್‌ನಲ್ಲಿ 1855ರವರೆಗೆ ಗೆಲ್ಲಲು ಉಳಿದವರಿಗಿಂತ ಹೆಚ್ಚು ಮತ ಸಾಲುತ್ತಿರಲಿಲ್ಲ, ಒಟ್ಟು ಮತದ ಅರ್ಧಕ್ಕಿಂತ ಹೆಚ್ಚು ಬೇಕಿತ್ತು. ಆ ಒಟ್ಟು ಲೆಕ್ಕಕ್ಕೆ ಚಿಲ್ಲರೆ ಹೆಸರುಗಳಿಗೆ ಬಿದ್ದ ಮತಗಳೂ ಸೇರುತ್ತಿದ್ದವು. ಹೆಚ್ಚಿನವರು ಎಡವುವುದು ಇಲ್ಲೇ. 1839ನ್ನೇ ನೋಡಿ: ಮಾರ್ಕಸ್ ಮಾರ್ಟನ್ 51,034, ಆಗಿನ ಗವರ್ನರ್ ಎಡ್ವರ್ಡ್ ಎವರೆಟ್ 50,725, ಚಿಲ್ಲರೆ 307. ಒಟ್ಟು 1,02,066, ಅರ್ಧ 51,033. ಮಾರ್ಟನ್‌ಗೆ ಬೇಕಿದ್ದದ್ದು 51,034, ಸಿಕ್ಕಿದ್ದೂ ಅಷ್ಟೇ. ಆ 307ನ್ನು ಕೈಬಿಟ್ಟರೆ ಗೆಲುವು ಸಲೀಸಾಗಿ ಕಾಣುತ್ತದೆ, ಕತೆಯೇ ತಪ್ಪುತ್ತದೆ. ಎವರೆಟ್ ಸೋತದ್ದೇಕೆ ಎಂದು ಹುಡುಕುವಾಗ 1838ರ ಮದ್ಯ ಕಾಯ್ದೆಯನ್ನೂ ನೋಡಿ. 15 ಗ್ಯಾಲನ್‌ಗಿಂತ ಕಡಿಮೆ ಮಾರಾಟವನ್ನು ಅದು ನಿಷೇಧಿಸಿತ್ತು.

ಯಾರಿಗೂ ಅರ್ಧ ದಾಟದಿದ್ದರೆ ಪಟ್ಟಿ ಶಾಸನಸಭೆಗೆ ಹೋಗುತ್ತಿತ್ತು. ಮುಂಚೂಣಿಯ ನಾಲ್ವರಲ್ಲಿ ಇಬ್ಬರನ್ನು ಕೆಳಮನೆ ಆರಿಸುತ್ತಿತ್ತು, ಅವರಲ್ಲಿ ಒಬ್ಬರನ್ನು ಸೆನೆಟ್ (ಮೇಲ್ಮನೆ). 1833ರಲ್ಲಿ ಹೀಗೇ ಆಯಿತು: ಜಾನ್ ಡೇವಿಸ್ ಮುಂದಿದ್ದರೂ ಬಹುಮತ ಬರಲಿಲ್ಲ, ಮಾಜಿ ಅಧ್ಯಕ್ಷ ಜಾನ್ ಕ್ವಿನ್ಸಿ ಆಡಮ್ಸ್ ಹಿಂದೆ ಸರಿದರು, ಶಾಸನಸಭೆ ಡೇವಿಸ್‌ರನ್ನು ಆರಿಸಿತು. ಇಂಥ ವರ್ಷದ ಪಟ್ಟಿಯಲ್ಲಿ ‘ಗೆದ್ದವರು’ ಎಂಬ ಕಲಂ ಖಾಲಿ ಬಿಟ್ಟು, ಪಕ್ಕದಲ್ಲಿ ಶಾಸನಸಭೆಯ ತೀರ್ಮಾನ ಬರೆಯಿರಿ.