ವಠಾರಕ್ಕೆ ಬಂದ ಪಾಪಾಯ್: ಹಳೆಯ ಕಾರ್ಟೂನ್ ಪಾತ್ರವನ್ನು ಸಿಟ್‌ಕಾಮ್‌ಗೆ ಒಗ್ಗಿಸುವ ಬಗೆ

ಏಳೆಂಟು ನಿಮಿಷದ ಹಳೆಯ ಕಾರ್ಟೂನಿನಲ್ಲಿ ಒಂದು ಗುದ್ದಿಗೆ ಕತೆ ಮುಗಿಯುತ್ತದೆ. ಗುದ್ದು ತಿಂದವನು ಮುಂದಿನ ಚಿತ್ರದಲ್ಲಿ ಏನೂ ಆಗದವನಂತೆ ಹಾಜರಾಗುತ್ತಾನೆ. ಸಿಟ್‌ಕಾಮ್‌ನಲ್ಲಿ, ಅಂದರೆ ಅವೇ ಪಾತ್ರಗಳು ಕಂತು ಕಂತಿಗೂ ಮರಳುವ ಹಾಸ್ಯ ಧಾರಾವಾಹಿಯಲ್ಲಿ, ಗುದ್ದಿದವನೂ ಗುದ್ದು ತಿಂದವನೂ ಮರುದಿನ ಒಂದೇ ನಲ್ಲಿಯ ಮುಂದೆ ನಿಲ್ಲಬೇಕು. ಆದ್ದರಿಂದ ಪಾತ್ರದ ಸ್ವಭಾವವನ್ನು ಹಾಗೆಯೇ ಉಳಿಸಿಕೊಂಡು, ಆ ಸ್ವಭಾವದಿಂದ ಆಗುವ ಪರಿಣಾಮವನ್ನು ಮಾತ್ರ ಬದಲಿಸಿರಿ. 2011ರ 'ದಿ ಲೂನಿ ಟ್ಯೂನ್ಸ್ ಶೋ' ಹಳೆಯ ಕಾರ್ಟೂನುಗಳ ಮೊಲ ಬಗ್ಸ್ ಬನಿಯನ್ನೂ ಬಾತುಕೋಳಿ ಡ್ಯಾಫಿ ಡಕ್‌ನನ್ನೂ ಒಂದೇ ಮನೆಯಲ್ಲಿ ಇರಿಸಿದಾಗ, ಡ್ಯಾಫಿಯ ಹಳೆಯ ಸ್ವಾರ್ಥವೇ ಗೆಳೆಯನ ಮನೆಯಲ್ಲಿ ಬಿಟ್ಟಿ ಕೂಳು ತಿನ್ನುವ ಗುಣವಾಗಿ ಸಹಜವಾಗಿ ಹೊಂದಿಕೊಂಡಿತು.

ಪಾತ್ರವನ್ನು ಆರಿಸುವಾಗ ಹಕ್ಕುಗಳನ್ನು ವಿಚಾರಿಸಿಕೊಳ್ಳಿ. ಅಮೆರಿಕದ ವ್ಯಂಗ್ಯಚಿತ್ರಕಾರ ಇ.ಸಿ. ಸೀಗರ್ 1929ರಲ್ಲಿ ಸೃಷ್ಟಿಸಿದ ನಾವಿಕ ಪಾಪಾಯ್‌ನ ಮೊದಲ ರೂಪ 2025ರ ಜನವರಿ 1ರಿಂದ ಅಮೆರಿಕದಲ್ಲಿ ಹಕ್ಕುಸ್ವಾಮ್ಯದಿಂದ ಮುಕ್ತವಾಗಿದೆ. ಪಾಲಕ್ ಸೊಪ್ಪು ತಿಂದು ಬಲ ಪಡೆಯುವುದು ಅವನ ಕತೆಗೆ ಆಮೇಲೆ ಸೇರಿದ ಅಂಶ, ಆದ್ದರಿಂದ ಅದರ ಹಕ್ಕನ್ನು ಬೇರೆಯಾಗಿ ವಿಚಾರಿಸಬೇಕು. ಹೆಸರು, ಗುರುತುಗಳ ಮೇಲಿನ ಟ್ರೇಡ್‌ಮಾರ್ಕ್ ಹಕ್ಕೂ ಬೇರೆಯೇ ಇರುತ್ತದೆ. ವಕೀಲರನ್ನು ಕಂಡೇ ಮುಂದುವರಿಯಿರಿ.

ಈಗ ಪಾಪಾಯ್‌ನನ್ನು ಚಾಮರಾಜಪೇಟೆಯ ವಠಾರವೊಂದಕ್ಕೆ ಬಾಡಿಗೆದಾರನಾಗಿ ಕರೆತನ್ನಿ. ಹಡಗಿನ ಕೆಲಸ ಬಿಟ್ಟು ಬಂದವನಾದ್ದರಿಂದ ಅವನ ಬಾಯಲ್ಲಿ ಕರಾವಳಿಯ ಕನ್ನಡ ಒಪ್ಪುತ್ತದೆ, ಆದರೆ ಆ ಭಾಷೆಯನ್ನೇ ನಗೆಯ ವಸ್ತು ಮಾಡುವುದು ಸಲ್ಲದು. ಅವನ ಮೂಲಗುಣ ಸಹನೆ, ಮತ್ತು ಆ ಸಹನೆ ಮೀರುವ ಒಂದು ಕ್ಷಣ. ಟ್ಯಾಂಕರ್ ಬಂದ ಬೆಳಗಿನ ಜಾವ, ಎದುರು ಮನೆಯ ಅಜ್ಜಿಯ ಕೊಡವನ್ನು ಯಾರೋ ಮೂರನೆಯ ಸಲ ಹಿಂದಕ್ಕೆ ಸರಿಸುತ್ತಾರೆ. ಪಾಪಾಯ್ ಮಾತಾಡದೆ ನೀರು ತುಂಬಿದ ಡ್ರಮ್ಮನ್ನೇ ಎತ್ತಿ ಅಜ್ಜಿಯ ಬಾಗಿಲಲ್ಲಿ ಇಳಿಸುತ್ತಾನೆ. ಹಳೆಯ ಕಾರ್ಟೂನ್ ಇಲ್ಲಿಗೆ ನಿಲ್ಲುತ್ತಿತ್ತು. ನಿಮ್ಮ ಕತೆ ಇಲ್ಲಿಂದ ಹೊರಡಬೇಕು. ಮನೆ ಮಾಲೀಕರು ಬಂದು, "ಹೇಗೂ ಎತ್ತುತ್ತೀರಲ್ಲ ಸಾರ್, ನಾಳೆಯಿಂದ ಮೇಲಿನ ಮನೆಗಳಿಗೂ ನೀವೇ ಹಾಕಿಬಿಡಿ" ಎನ್ನುತ್ತಾರೆ. ಅಜ್ಜಿಯ ಮುಂದೆ ಇಲ್ಲವೆನ್ನಲು ಅವನಿಗೆ ಬಾಯಿ ಬರುವುದಿಲ್ಲ. ಬಲವೇ ಅವನ ಹೊಸ ತೊಡಕಾಗುತ್ತದೆ, ಮತ್ತು ಪ್ರತಿ ಕಂತಿಗೂ ಇಂಥದೊಂದು ತೊಡಕು ಸಿಕ್ಕಿದರೆ ಸಾಕು.

ಚಿತ್ರಣದ ಖರ್ಚಿಗೆ ಅಂಜಬೇಕಾಗಿಲ್ಲ. 1960ರಲ್ಲಿ ಆರಂಭವಾದ ಕಾರ್ಟೂನ್ ಸಿಟ್‌ಕಾಮ್ 'ದಿ ಫ್ಲಿಂಟ್‌ಸ್ಟೋನ್ಸ್' ಒಂದೇ ಹಿನ್ನೆಲೆಯನ್ನು ಮತ್ತೆ ಮತ್ತೆ ಬಳಸಿ, ಮಾತಿನ ಬಲದಿಂದಲೇ ಗೆದ್ದಿತು. ವಠಾರದ ಅಂಗಳವನ್ನು ಒಮ್ಮೆ ಶ್ರದ್ಧೆಯಿಂದ ಬರೆದಿಟ್ಟುಕೊಂಡು, ಸಂಭಾಷಣೆಯನ್ನು ಮೊದಲೇ ಧ್ವನಿಮುದ್ರಿಸಿ, ಆ ಧ್ವನಿಯ ಏರಿಳಿತಕ್ಕೆ ತಕ್ಕಂತೆ ಮುಖಗಳನ್ನು ಬರೆಯಿರಿ.