ಮಳೆಗಾಲಕ್ಕೆ ಮುನ್ನ ಜಾಕೆಟ್ಟಿನ ಆರೈಕೆ

ಮೇ ತಿಂಗಳಲ್ಲಿ ಬೆಂಗಳೂರಿನ ಮೊದಲ ಗುಡುಗುಮಳೆ ಸುರಿದ ಮರುದಿನವೇ ಅಟ್ಟದ ಮೇಲಿನ ಜಾಕೆಟ್ಟುಗಳನ್ನು ಇಳಿಸಿ, ಒಂದೊಂದರ ತೋಳಿನ ಮೇಲೂ ನಾಲ್ಕು ಹನಿ ನೀರು ಚಿಮುಕಿಸಿ ನೋಡುವುದು ನಮ್ಮ ಮನೆಯ ವಾಡಿಕೆ. ಕೆಸುವಿನೆಲೆಯ ಮೇಲಿನಂತೆ ಹನಿ ಉರುಟಾಗಿ ಜಾರಿದರೆ ಏನೂ ಮಾಡಬೇಕಾಗಿಲ್ಲ. ಬಟ್ಟೆ ಅದನ್ನು ಹೀರಿ ಬಣ್ಣ ಗಾಢವಾದರೆ ನೀರನ್ನು ತಡೆಯುವ ಹೊರಮೈಯ ಲೇಪ ಕೆಲಸ ಮಾಡುತ್ತಿಲ್ಲವೆಂದು ತಿಳಿಯಬೇಕು.

ಹಾಗೆಂದು ಕೂಡಲೇ ಹೊಸ ಲೇಪದ ಸ್ಪ್ರೇ ಡಬ್ಬಿ ಕೊಳ್ಳಬೇಡಿ. ಬಹಳ ಸಲ ಲೇಪ ಹೋಗಿರುವುದಿಲ್ಲ. ಬೆವರಿನ ಜಿಡ್ಡು, ರಸ್ತೆಯ ಧೂಳು, ಸರಿಯಾಗಿ ಜಾಲಿಸದೆ ಉಳಿದ ಸೋಪು ಅದನ್ನು ಮುಚ್ಚಿರುತ್ತವೆ. ಬೋರ್‌ವೆಲ್ಲಿನ ಗಡಸು ನೀರಿನಲ್ಲಿ ಸೋಪು ಬಿಳಿಯ ಗಸಿಯಾಗಿ ಎಳೆಗಳಿಗೆ ಅಂಟುವುದರಿಂದ, ಕಡೆಯ ಎರಡು ಜಾಲಿಕೆಗಾದರೂ ಕಾವೇರಿ ನೀರನ್ನೋ ಹಿಡಿದಿಟ್ಟ ಮಳೆನೀರನ್ನೋ ಬಳಸಿ. ಬಟ್ಟೆ ಮೃದುವಾಗಲೆಂದು ಹಾಕುವ ಕಂಡೀಷನರನ್ನು ಮಾತ್ರ ಮುಟ್ಟಲೇಬೇಡಿ. ನಾನು ಅದನ್ನು ಹಾಕಿ ಒಗೆದುಕೊಟ್ಟ ಜಾಕೆಟ್ಟು ಕುಮಾರ ಪರ್ವತದ ದಾರಿಯಲ್ಲಿ ತೊಯ್ದು ತೊಪ್ಪೆಯಾಗಿ, ಮಗಳು ನಡುಗುತ್ತಾ ಇಳಿದು ಬಂದದ್ದು ಇಂದಿಗೂ ನನಗೆ ನೋವು. ಒಣಗಿದ ಮೇಲೆ, ಒಳಪಟ್ಟಿಯ ಸೂಚನೆ ಒಪ್ಪುವುದಾದರೆ, ತೆಳು ಹತ್ತಿಬಟ್ಟೆಯನ್ನು ಹಾಸಿ ಹದವಾದ ಶಾಖದಲ್ಲಿ ಇಸ್ತ್ರಿ ಮಾಡಿ. ಬಿಸಿ ತಾಗಿದರೆ ಹಳೆಯ ಲೇಪವೇ ಮತ್ತೆ ಚೇತರಿಸಿಕೊಳ್ಳುತ್ತದೆ.

ಇಷ್ಟಾದರೂ ಹನಿ ಉರುಟಾಗಿ ಜಾರದಿದ್ದರೆ ಹೊಸ ಲೇಪ ಬೇಕು. ಆಗ ಡಬ್ಬಿಯ ಮೇಲಿನ ಬರಹವನ್ನು ನಿಧಾನವಾಗಿ ಓದಿ. 'ಪಿಎಫ್‌ಓಎ ಇಲ್ಲ' ಎಂದಷ್ಟೇ ಇದ್ದರೆ ಸಾಲದು. ಅದು, ಸುಲಭವಾಗಿ ಅಳಿಯದ ವಿಷಗಳನ್ನು ತಡೆಯಲು ದೇಶಗಳು ಮಾಡಿಕೊಂಡ ಸ್ಟಾಕ್‌ಹೋಮ್ ಒಪ್ಪಂದದ ನಿಷೇಧಪಟ್ಟಿಗೆ 2019ರಲ್ಲಿ ಸೇರಿದ ಒಂದು ಫ್ಲೋರಿನ್ ರಾಸಾಯನಿಕ ಮಾತ್ರ, ಅದರ ದಾಯಾದಿಗಳು ಸಾವಿರಾರು; ಆ ಇಡೀ ಕುಟುಂಬದ ಹೆಸರು ಪಿಎಫ್‌ಎಎಸ್. 'ಪಿಎಫ್‌ಎಎಸ್ ಇಲ್ಲ' ಎಂದು ಸ್ಪಷ್ಟವಾಗಿರುವ, ಮೇಣ ಅಥವಾ ಸಿಲಿಕೋನ್ ಆಧಾರಿತ ದ್ರವವನ್ನೇ ಆರಿಸಿ. ಪಿಎಫ್‌ಎಎಸ್‌ನಲ್ಲಿರುವ ಕಾರ್ಬನ್ ಮತ್ತು ಫ್ಲೋರಿನ್‌ಗಳ ಬೆಸುಗೆ ಮಣ್ಣಿನಲ್ಲಾಗಲಿ ನೀರಿನಲ್ಲಾಗಲಿ ಸುಲಭವಾಗಿ ಬಿಡುವಂಥದ್ದಲ್ಲ; ನಮ್ಮ ಬಚ್ಚಲಿನ ನೀರು ಕಡೆಗೆ ಸೇರುವುದು ಕೆರೆಗೋ ಹೊಳೆಗೋ ತಾನೇ? ಫ್ಲೋರಿನ್ ಇಲ್ಲದ ಲೇಪ ನೀರನ್ನು ತಡೆದರೂ ಎಣ್ಣೆಯನ್ನು ತಡೆಯದು. ಆದ್ದರಿಂದ ಕೊರಳಪಟ್ಟಿ, ಮುಂಗೈಗಳನ್ನು ಆಗಾಗ ಒಗೆಯಬೇಕು, ಲೇಪವನ್ನೂ ಹೆಚ್ಚು ಸಲ ಹಾಕಬೇಕು. ಈ ಶ್ರಮ ನನಗೆ ಒಪ್ಪಿಗೆ.

ದಪ್ಪ ಹತ್ತಿಯ ಕ್ಯಾನ್ವಾಸ್ ಚೀಲ, ಟೋಪಿಗಳಿಗೆ ಜೇನುಮೇಣವೇ ಸಾಕು. ಗಟ್ಟಿಯನ್ನು ಬಟ್ಟೆಯ ಮೇಲೆ, ಹೊಲಿಗೆಯ ಗುಂಟ ಎರಡು ಪಟ್ಟು ಉಜ್ಜಿ, ಕೂದಲು ಒಣಗಿಸುವ ಡ್ರೈಯರ್ ಹಿಡಿದರೆ, ಮೇಲೆ ಬೂದಿ ಬಳಿದಂತಿದ್ದ ಮೇಣ ಕರಗಿ ಎಳೆಯೊಳಗೆ ಇಳಿಯುವುದು ಕಣ್ಣಿಗೇ ಕಾಣುತ್ತದೆ. ಮೇಣವನ್ನು ಕರಗಿಸಿಯೇ ಹಚ್ಚುವುದಾದರೆ ನೇರ ಉರಿಯ ಮೇಲಿಡದೆ, ಬಿಸಿನೀರಿನ ಪಾತ್ರೆಯೊಳಗೆ ಬಟ್ಟಲಿಟ್ಟು ಕರಗಿಸಿ. ಗಾಳಿಯಾಡುವ ಚಾರಣದ ಜಾಕೆಟ್ಟಿಗೆ ಇದನ್ನು ಹಚ್ಚಬಾರದು. ಬೆವರು ಹೊರಹೋಗುವ ದಾರಿ ಕಟ್ಟಿಹೋಗುತ್ತದೆ. ಮೇಣ ಹಚ್ಚಿದ ಚೀಲವನ್ನು ಮೆಷಿನ್ನಿಗೂ ಹಾಕದೆ, ತಣ್ಣೀರಿನ ಬಟ್ಟೆಯಲ್ಲಿ ಒರೆಸಿ ನೆರಳಿನಲ್ಲಿ ತೂಗುಹಾಕಿ.